ಲಿಲಾ ಅವಿಲೇಸ್ ಸಿನಿಮಾಗಳು: ಪದೇ ಪದೇ ಕೇಳುವ ಪ್ರಶ್ನೆಗಳು

ಈ ಮೆಕ್ಸಿಕನ್ ನಿರ್ದೇಶಕಿಯ ಸಿನಿಮಾ ನೋಡಿ ಎಂದು ಸಿಕ್ಕವರಿಗೆಲ್ಲ ಹೇಳುತ್ತಾ ಬಂದಿದ್ದೇನೆ. ಕೆಲವರು ನೋಡಿ ಸುಮ್ಮನಾದರು. ಕೆಲವರು ಅರ್ಧಕ್ಕೇ ಎದ್ದರು. ಜಾಸ್ತಿ ಜನ ವಾಪಸ್ ಬಂದು ಪ್ರಶ್ನೆ ಕೇಳಿದರು. ಆ ಪ್ರಶ್ನೆಗಳೂ ನನಗೆ ತಿಳಿದ ಉತ್ತರಗಳೂ ಇಲ್ಲಿವೆ. ಎರಡು ಸಿನಿಮಾಗಳೂ ಹೇಗೆ ಮುಗಿಯುತ್ತವೆ ಅಂತ ಹೇಳಿಲ್ಲ, ಧೈರ್ಯವಾಗಿ ಓದಿ.

ಲಿಲಾ ಅವಿಲೇಸ್ ಯಾರು?

1982ರಲ್ಲಿ ಮೆಕ್ಸಿಕೋ ಸಿಟಿಯಲ್ಲಿ ಹುಟ್ಟಿದವರು. ಸಿನಿಮಾಕ್ಕೆ ಬಂದದ್ದು ರಂಗಭೂಮಿಯಿಂದ. ನಾಟಕ, ಒಪೆರಾ ಅಂತ ಓಡಾಡಿಕೊಂಡಿದ್ದವರು ಕ್ಯಾಮೆರಾ ಹಿಂದೆ ನಿಂತದ್ದು ಸ್ವಲ್ಪ ತಡವಾಗಿಯೇ. 2018ರಲ್ಲಿ ಮೊದಲ ಸಿನಿಮಾ 'ಲಾ ಕಮರಿಸ್ತಾ' ಬಂತು. ಹೋಟೆಲ್ ರೂಮ್ ಸ್ವಚ್ಛ ಮಾಡುವ ಹೆಣ್ಣುಮಗಳು ಎಂದು ಆ ಹೆಸರಿನ ಅರ್ಥ. ಎರಡನೆಯದು 'ತೋತೆಮ್', 2023ರಲ್ಲಿ ಬಂತು. ಈ ಎರಡರಲ್ಲೇ ಅವರದೇ ಆದ ಒಂದು ದಾರಿ ಕಾಣಿಸಿಬಿಟ್ಟಿದೆ. ಈ ಪುಟ ಆ ದಾರಿಯ ಬಗ್ಗೆ.

ಎರಡು ಸಿನಿಮಾಗಳ ಕಥೆ ಚಿಕ್ಕದಾಗಿ ಹೇಳಬಹುದಾ?

ಹೇಳಬಹುದು, ಚಿಕ್ಕದಾಗಿಯೇ ಇದೆ.

'ಲಾ ಕಮರಿಸ್ತಾ'ದಲ್ಲಿ ಈವ್ ಎಂಬ 24 ವರ್ಷದ ಹುಡುಗಿ ಮೆಕ್ಸಿಕೋ ಸಿಟಿಯ ದೊಡ್ಡ ಐಷಾರಾಮಿ ಹೋಟೆಲಿನಲ್ಲಿ ರೂಮ್ ಕ್ಲೀನ್ ಮಾಡುತ್ತಾಳೆ. ಅವಳ ಪಾಲಿಗೆ ಬಂದಿರುವುದು 21ನೇ ಮಹಡಿ. ಅವಳಿಗೆ 42ನೇ ಮಹಡಿಯ ಕೆಲಸ ಸಿಗಬೇಕು, ಅಲ್ಲಿರುವವು ಇನ್ನೂ ದುಬಾರಿ ರೂಮುಗಳು. ಮನೆಯಲ್ಲಿ ಪುಟ್ಟ ಮಗನಿದ್ದಾನೆ. ಅವನನ್ನು ಬೇರೆಯವರು ನೋಡಿಕೊಳ್ಳುತ್ತಿದ್ದಾರೆ. ಈವ್‌ಗೆ ಅವನು ಸಿಗುವುದು ಫೋನಿನಲ್ಲಿ, ಕೆಲಸದ ನಡುವೆ ಕದ್ದ ಒಂದೆರಡು ನಿಮಿಷ.

'ತೋತೆಮ್' ಒಂದೇ ದಿನದ ಕಥೆ. ಏಳು ವರ್ಷದ ಸೋಲ್‌ಳನ್ನು ಅಮ್ಮ ಬೆಳಿಗ್ಗೆ ಅಜ್ಜನ ಮನೆಗೆ ತಂದು ಬಿಡುತ್ತಾಳೆ. ಆ ಮನೆಯಲ್ಲಿ ಸೋಲ್‌ಳ ಅಪ್ಪ ತೋನಾ ಕ್ಯಾನ್ಸರ್‌ನಿಂದ ಮಲಗಿದ್ದಾನೆ. ಸಂಜೆ ಅವನ ಹುಟ್ಟುಹಬ್ಬ. ಅದು ಕೊನೆಯದ್ದು ಅಂತ ದೊಡ್ಡವರಿಗೆಲ್ಲ ಗೊತ್ತು, ಯಾರೂ ಬಾಯಿಬಿಟ್ಟು ಹೇಳುವುದಿಲ್ಲ. ಮಗುವಿಗೂ ಗೊತ್ತು. ಅವಳಿಗೆ ಗೊತ್ತು ಅನ್ನುವುದು ಮಾತ್ರ ದೊಡ್ಡವರಿಗೆ ಗೊತ್ತಿಲ್ಲ.

ನಿಜ ಹೇಳಿ, ಇದರಲ್ಲಿ ಕಥೆ ಎಲ್ಲಿದೆ? ಏನೂ ಆಗುವುದೇ ಇಲ್ಲವಲ್ಲ?

ತುಂಬ ಜನ ಕೇಳುವ ಪ್ರಶ್ನೆ ಇದೇ. ಕೇಳುವುದರಲ್ಲಿ ತಪ್ಪೂ ಇಲ್ಲ.

'ಲಾ ಕಮರಿಸ್ತಾ'ದ ಒಂದು ಕೆಂಪು ಡ್ರೆಸ್ ವಿಷಯ ತೆಗೆದುಕೊಳ್ಳಿ. ಯಾರೋ ಗಿರಾಕಿ ರೂಮಿನಲ್ಲಿ ಬಿಟ್ಟುಹೋದದ್ದು. ಹಾಗೆ ಬಿಟ್ಟುಹೋದ ವಸ್ತುಗಳನ್ನು ಹೋಟೆಲಿನವರು ಒಂದು ಕಡೆ ಎತ್ತಿಡುತ್ತಾರೆ. ಯಾರೂ ಕೇಳಿಕೊಂಡು ಬರದಿದ್ದರೆ ಅದು ಸಿಕ್ಕಿದವಳ ಪಾಲಿಗೆ ಬರಬಹುದು. ಈವ್ ಆಗಾಗ ಹೋಗಿ ಅದರ ಬಗ್ಗೆ ವಿಚಾರಿಸುತ್ತಾಳೆ. ದನಿ ಎತ್ತುವುದಿಲ್ಲ, ಕಣ್ಣೀರು ಹಾಕುವುದಿಲ್ಲ. ಸುಮ್ನೆ ಕೇಳಿ ವಾಪಸ್ ಬರುತ್ತಾಳೆ. ಅರ್ಧ ಸಿನಿಮಾ ಆಗುವ ಹೊತ್ತಿಗೆ ಆ ಡ್ರೆಸ್ ಅವಳಿಗೆ ಸಿಗಲಿ ಅಂತ ನಿಮ್ಮ ಮನಸ್ಸೂ ಹಾರೈಸಲು ಶುರುಮಾಡಿರುತ್ತದೆ. ನನಗಂತೂ ಹಾಗೇ ಆಯಿತು. ಅಷ್ಟು ಸಣ್ಣ ಆಸೆಗೆ ಅಷ್ಟು ತೂಕ ಹೇಗೆ ಬಂತು? ಅವಳ ದಿನದಲ್ಲಿ ಅವಳದೇ ಅನ್ನುವ ಇನ್ನೇನೂ ಇಲ್ಲ ಎಂಬುದನ್ನು ನಾವು ಅಷ್ಟರಲ್ಲಿ ಕಣ್ಣಾರೆ ನೋಡಿರುತ್ತೇವೆ. ಕಥೆ ಇರುವುದು ಅಲ್ಲಿ.

ಅವಿಲೇಸ್ ಸಿನಿಮಾದಲ್ಲಿ ಘಟನೆಗಳಿಗೇನೂ ಕಡಿಮೆಯಿಲ್ಲ. ಎಲ್ಲವೂ ನಮ್ಮ ದಿನನಿತ್ಯದ ಅಳತೆಯಲ್ಲಿ ಇರುತ್ತವೆ, ಅಷ್ಟೆ. ಪಾತ್ರಕ್ಕೆ ಏನಾಗುತ್ತದೆ ಅನ್ನುವುದಕ್ಕಿಂತ ಪಾತ್ರಕ್ಕೆ ಏನು ಬೇಕಾಗಿದೆ ಅನ್ನುವುದರ ಮೇಲೆ ಅವರ ಕಣ್ಣು.

ಹೋಟೆಲ್ ಸಿನಿಮಾದ ಯೋಚನೆ ಎಲ್ಲಿಂದ ಬಂತು?

ಸೋಫಿ ಕಾಲ್ ಎಂಬ ಫ್ರೆಂಚ್ ಕಲಾವಿದೆ ಇದ್ದಾರೆ. 1981ರಲ್ಲಿ ಅವರು ಇಟಲಿಯ ವೆನಿಸ್‌ನ ಒಂದು ಹೋಟೆಲಿನಲ್ಲಿ ಮೂರು ವಾರ ರೂಮ್ ಕ್ಲೀನ್ ಮಾಡುವ ಕೆಲಸಕ್ಕೆ ಸೇರಿಕೊಂಡರು. ಗಿರಾಕಿಗಳು ಹೊರಗೆ ಹೋದಾಗ ಅವರ ಸಾಮಾನು, ಪತ್ರ, ಹಾಸಿಗೆಗಳ ಫೋಟೋ ತೆಗೆದು, ಕಂಡದ್ದನ್ನು ಬರೆದಿಟ್ಟರು. ಅವಿಲೇಸ್‌ಗೆ ಮೊದಲ ಕಿಡಿ ಸಿಕ್ಕಿದ್ದು ಆ ಕೆಲಸದಿಂದ. ಅದರಿಂದ ಮೊದಲು ಒಂದು ನಾಟಕ ಮಾಡಿದರು, ಆಮೇಲೆ ಸಿನಿಮಾ.

ಎರಡರ ನಡುವೆ ಒಂದು ದೊಡ್ಡ ವ್ಯತ್ಯಾಸವಿದೆ. ಸೋಫಿ ಕಾಲ್ ಕಲೆಗಾಗಿ ಆ ಕೆಲಸಕ್ಕೆ ಹೋದವರು. ಅವರ ಕುತೂಹಲವೆಲ್ಲ ರೂಮಿನಲ್ಲಿ ಇಳಿದುಕೊಂಡವರ ಮೇಲೆ. ಅವಿಲೇಸ್ ಕ್ಯಾಮೆರಾವನ್ನು ತಿರುಗಿಸಿಬಿಟ್ಟರು. ರೂಮಿನಲ್ಲಿದ್ದವರು ಹೇಗಾದರೂ ಇರಲಿ, ಇದನ್ನೆಲ್ಲ ಎತ್ತಿಡುವವಳು ಯಾರು ಅಂತ ಕೇಳಿದರು. ಅದಕ್ಕಾಗಿ ನಿಜವಾದ ಹೋಟೆಲ್ ಕೆಲಸಗಾರರ ಜೊತೆ ಮಾತಾಡಿದರು, ಅವರ ಕೆಲಸವನ್ನು ಹತ್ತಿರದಿಂದ ನೋಡಿದರು. ಚಿತ್ರೀಕರಣ ಮಾಡಿದ್ದೂ ನಿಜವಾದ ಹೋಟೆಲಿನಲ್ಲೇ.

ಮೊದಲ ದೃಶ್ಯದಲ್ಲೇ ಈ ತಿರುವು ಕಾಣುತ್ತದೆ. ಚೆಲ್ಲಾಪಿಲ್ಲಿಯಾದ ಒಂದು ರೂಮಿಗೆ ಈವ್ ಬರುತ್ತಾಳೆ. ಒಂದೊಂದಾಗಿ ಎತ್ತುತ್ತಾಳೆ, ಒಂದೊಂದಾಗಿ ಜೋಡಿಸುತ್ತಾಳೆ. ನೆಲದ ಮೇಲೆ ಬಿದ್ದಿದ್ದ ಹೊದಿಕೆಗಳನ್ನು ಎಳೆದರೆ ಅದರಡಿಯಲ್ಲಿ ಒಬ್ಬ ಮುದುಕ ಮಲಗಿದ್ದಾನೆ! ನಾವು ಬೆಚ್ಚಿಬೀಳುತ್ತೇವೆ. ಅವಳು ಗಾಬರಿಯನ್ನು ನುಂಗಿಕೊಂಡು ಕೆಲಸದ ದನಿಗೆ ಮರಳುತ್ತಾಳೆ. ಅವಳ ನೌಕರಿ ಎಂಥದ್ದು ಅಂತ ಅಷ್ಟರಲ್ಲೇ ಗೊತ್ತಾಗುತ್ತದೆ.

ಪಾತ್ರಗಳು ಇಷ್ಟು ಹತ್ತಿರ ಅನ್ನಿಸುವುದು ಹೇಗೆ? ಅವರು ತಮ್ಮ ಬಗ್ಗೆ ಹೇಳಿಕೊಳ್ಳುವುದೇ ಕಡಿಮೆ, ಅಲ್ವಾ?

ಹೌದು, ಬಹಳ ಕಡಿಮೆ. ಆತ್ಮೀಯ ಸಿನಿಮಾ ಅಂದರೆ ಪಾತ್ರಗಳು ಕೂತು ಮನಸ್ಸು ಬಿಚ್ಚಿ ಮಾತಾಡಬೇಕು ಅಂತ ನಾವು ಅಂದುಕೊಂಡಿರುತ್ತೇವೆ. ಅವಿಲೇಸ್ ಹಾಗೆ ಮಾಡುವುದಿಲ್ಲ. ಅವರ ಸಿನಿಮಾದಲ್ಲಿ ಮನುಷ್ಯರು ನಮಗೆ ಪರಿಚಯವಾಗುವುದು ಅವರ ಕೆಲಸದಿಂದ, ಅವರು ಕಾಯುವ ರೀತಿಯಿಂದ.

ನನ್ನ ಮಟ್ಟಿಗೆ ಎರಡೂ ಸಿನಿಮಾಗಳ ಕೀಲಿ ಇರುವುದು ಬಾಗಿಲಿನಲ್ಲಿ. ಈವ್ ಹತ್ತಿರ ಎಲ್ಲ ರೂಮುಗಳ ಬಾಗಿಲು ತೆಗೆಯುವ ಕಾರ್ಡ್ ಇದೆ. ಬಾಗಿಲು ತಟ್ಟಿ, ಹೌಸ್‌ಕೀಪಿಂಗ್ ಎಂದು ಹೇಳಿ, ಒಳಗೆ ಹೋಗುತ್ತಾಳೆ. ಜನರ ಒಳಉಡುಪು, ಔಷಧಿ, ಕಸದ ಬುಟ್ಟಿ ಎಲ್ಲ ಅವಳ ಕಣ್ಣಿಗೆ ಬೀಳುತ್ತವೆ. ಇಷ್ಟು ಮನೆಗಳ ಒಳಗುಟ್ಟು ಗೊತ್ತಿರುವವಳ ಸ್ವಂತ ಮನೆಯ ಬಾಗಿಲನ್ನು ಮಾತ್ರ ನಾವು ಒಮ್ಮೆಯೂ ನೋಡುವುದಿಲ್ಲ. ಕ್ಯಾಮೆರಾ ಹೋಟೆಲ್ ಬಿಟ್ಟು ಅವಳ ಹಿಂದೆ ಮನೆಗೆ ಹೋಗುವುದೇ ಇಲ್ಲ. ಅವಳಿಗೂ ಮನೆಗೆ ಹೋಗಲು ಪುರುಸೊತ್ತಿಲ್ಲವಲ್ಲ!

'ತೋತೆಮ್'ನಲ್ಲಿ ಇದು ತಿರುವುಮುರುವು. ಮನೆತುಂಬ ಬಾಗಿಲುಗಳು, ಯಾರು ಬೇಕಾದರೂ ಎಲ್ಲಿಗೆ ಬೇಕಾದರೂ ನುಗ್ಗುತ್ತಾರೆ. ಬಾತ್‌ರೂಮಿನಲ್ಲಿದ್ದರೂ ಬಿಡುವುದಿಲ್ಲ. ಒಂದು ಬಾಗಿಲು ಮಾತ್ರ ಸೋಲ್‌ಗೆ ತೆರೆಯುವುದಿಲ್ಲ, ಅಪ್ಪನ ರೂಮಿನದು. ಅಪ್ಪ ಮಲಗಿದ್ದಾರೆ, ಅಪ್ಪನಿಗೆ ಸುಸ್ತಾಗಿದೆ, ಆಮೇಲೆ ನೋಡುವೆಯಂತೆ. ಪ್ರತಿ ಸಲವೂ ಒಂದೊಂದು ಕಾರಣ. ಮಗು ತಲೆಯಾಡಿಸಿ ವಾಪಸ್ ಬರುತ್ತದೆ. ಇಡೀ ದಿನ ನಾವೂ ಅವಳ ಜೊತೆ ಆ ಬಾಗಿಲಿನ ಹೊರಗೆ ನಿಂತಿರುತ್ತೇವೆ. ಯಾರನ್ನಾದರೂ ಹತ್ತಿರದಿಂದ ತಿಳಿಯಬೇಕಾದರೆ ಅವರ ಜೊತೆ ಕಾದು ನೋಡಬೇಕು. ಅವಿಲೇಸ್ ನಮಗೆ ಕೊಡುವುದು ಆ ಕಾಯುವಿಕೆಯನ್ನೇ.

ಕ್ಯಾಮೆರಾ ಕೆಲಸದಲ್ಲಿ ಏನು ವಿಶೇಷ?

ಎರಡು ಸಿನಿಮಾಗಳಿಗೆ ಎರಡು ಬೇರೆ ಬೇರೆ ಛಾಯಾಗ್ರಾಹಕರು. 'ಲಾ ಕಮರಿಸ್ತಾ'ಗೆ ಕಾರ್ಲೋಸ್ ರೊಸ್ಸೀನಿ, 'ತೋತೆಮ್'ಗೆ ಡಿಯೇಗೊ ತೆನೋರಿಯೊ. ಮೊದಲನೆಯದರಲ್ಲಿ ಕ್ಯಾಮೆರಾ ಹೆಚ್ಚಾಗಿ ಅಲುಗಾಡದೆ ನಿಲ್ಲುತ್ತದೆ. ಬಿಳಿ ಗೋಡೆ, ಬಿಳಿ ಹಾಸಿಗೆ, ಗಾಜಿನ ಕಿಟಕಿ, ಕಿಟಕಿಯಾಚೆ ಮಂಜುಮಂಜಾದ ಮಹಾನಗರ. ಈವ್ ಫ್ರೇಮಿನೊಳಗೆ ಬಂದು ಹೋಗುತ್ತಿರುತ್ತಾಳೆ. ಎರಡನೆಯದರಲ್ಲಿ ಕ್ಯಾಮೆರಾ ಕೈಯಲ್ಲೇ ಇದೆ. ಮಗುವಿನ ಎತ್ತರಕ್ಕೆ ಇಳಿದು, ಸೊಂಟ, ಮೊಣಕೈ, ಮೇಜಿನ ಕಾಲುಗಳ ನಡುವೆ ತೂರಿಕೊಂಡು ಓಡಾಡುತ್ತದೆ. ಫ್ರೇಮ್ ಕೂಡ ಹಳೆಯ ಟಿವಿಯ ಹಾಗೆ ಚೌಕಾಕಾರವಾಗಿದೆ. ಹಾಗಾಗಿ ಮನೆ ಇನ್ನೂ ಇಕ್ಕಟ್ಟು, ಮುಖಗಳು ಇನ್ನೂ ಹತ್ತಿರ.

ಹಿನ್ನೆಲೆ ಸಂಗೀತವನ್ನು ನಂಬಿ ಅವರು ದೃಶ್ಯ ಕಟ್ಟುವುದಿಲ್ಲ. ಹೋಟೆಲಿನ ಲಿಫ್ಟು, ವಾಕಿಟಾಕಿಯ ಗೊರಗೊರ ಸದ್ದು, ಬೆಡ್‌ಶೀಟ್ ಕೊಡವಿದಾಗ ಬರುವ ಸದ್ದು, ಇವೇ ಅಲ್ಲಿನ ಸಂಗೀತ. ಒಳ್ಳೆ ಇಯರ್‌ಫೋನ್ ಹಾಕಿಕೊಂಡು ನೋಡಿ.

'ತೋತೆಮ್'ನಲ್ಲಿ ಅಷ್ಟೊಂದು ಜನ ಬರುತ್ತಾರೆ. ಯಾರು ಯಾರಿಗೆ ಏನಾಗಬೇಕು?

ಮೊದಲ ಇಪ್ಪತ್ತು ನಿಮಿಷ ಗೊಂದಲ ಆಗುವುದು ಸಹಜ. ತುಂಬಿದ ಮನೆಗೆ ಹೊಸದಾಗಿ ಹೋದರೆ ಹೀಗೇ ಅಲ್ವಾ? ಸ್ವಲ್ಪ ಸಹಾಯ ಮಾಡುತ್ತೇನೆ.

ಸೋಲ್ ಕಥೆಯ ಮಗು. ತೋನಾ ಅವಳ ಅಪ್ಪ, ಚಿತ್ರಕಾರ. ಲೂಸಿಯಾ ಅವಳ ಅಮ್ಮ. ನೂರಿಯಾ ಮತ್ತು ಅಲೆಹಾಂದ್ರಾ ತೋನಾನ ಅಕ್ಕತಂಗಿಯರು, ಅಂದರೆ ಸೋಲ್‌ಗೆ ಅತ್ತೆಯರು. ನೂರಿಯಾಳ ಪುಟ್ಟ ಮಗಳು ಎಸ್ತೆರ್. ರೊಬೆರ್ತೊ ಅಜ್ಜ, ಮನಶ್ಶಾಸ್ತ್ರಜ್ಞ. ಗಂಟಲಿಗೆ ಒಂದು ಯಂತ್ರ ಹಿಡಿದು ಅದರ ಮೂಲಕ ಮಾತಾಡುತ್ತಾರೆ. ಕ್ರೂಸ್ ತೋನಾನನ್ನು ನೋಡಿಕೊಳ್ಳುವ ಹೆಂಗಸು.

ಇವರಲ್ಲಿ ನೂರಿಯಾಳ ಮೇಲೆ ಒಂದು ಕಣ್ಣಿಡಿ. ಅವಳು ಬೆಳಿಗ್ಗೆಯಿಂದ ತಮ್ಮನಿಗೆ ಕೇಕ್ ಮಾಡುತ್ತಿದ್ದಾಳೆ. ಮೊದಲನೆಯದು ಸೀದುಹೋಗುತ್ತದೆ. ನಡುನಡುವೆ ಕುಡಿಯುತ್ತಾಳೆ. ಮತ್ತೆ ಶುರುಮಾಡುತ್ತಾಳೆ. ಕೊನೆಗೆ ಕೇಕಿನ ಮೇಲೆ ವ್ಯಾನ್ ಗಾಗ್‌ನ ನಕ್ಷತ್ರದ ಆಕಾಶ ಮೂಡುತ್ತದೆ. ಅಳುವುದಕ್ಕೆ ಪುರುಸೊತ್ತಿಲ್ಲದವಳು ತನ್ನ ಸಂಕಟವನ್ನೆಲ್ಲ ಕ್ರೀಮ್ ಹಚ್ಚುವುದರಲ್ಲಿ ಇಟ್ಟಿದ್ದಾಳೆ. ಮನೆಯಲ್ಲಿ ಒಬ್ಬರು ಮಲಗಿದಾಗ ಅಡುಗೆಮನೆ ಬಿಟ್ಟು ಹೊರಗೇ ಬರದ ದೊಡ್ಡಮ್ಮನೋ ಚಿಕ್ಕಮ್ಮನೋ ನಿಮಗೂ ನೆನಪಾಗಬಹುದು. ನನಗೆ ನೆನಪಾದರು.

ಒಂದು ಕಡೆ ಕೀಮೋಥೆರಪಿ ಮುಂದುವರಿಸಬೇಕಾ ಬೇಡವಾ ಎಂಬ ಚರ್ಚೆ. ಇನ್ನೊಂದು ಕಡೆ ಮನೆಯ ಕೆಟ್ಟ ಗಾಳಿ ಓಡಿಸಲು ಬಂದವಳೊಬ್ಬಳು ತಿನ್ನುವ ಬ್ರೆಡ್ಡಿಗೆ ಬೆಂಕಿ ಹಚ್ಚಿ ಮೂಲೆಮೂಲೆಗೂ ಹಿಡಿಯುತ್ತಿದ್ದಾಳೆ. ಇದನ್ನು ನೋಡಿ ನಗು ಬಂದರೆ ನಗಿ. ಸಾವಿನ ಮನೆಯಲ್ಲೂ ನಗು ಇರುತ್ತದೆ ಅನ್ನುವುದು ಈ ನಿರ್ದೇಶಕಿಗೆ ಚೆನ್ನಾಗಿ ಗೊತ್ತು.

ಅಷ್ಟು ಚಿಕ್ಕ ಹುಡುಗಿ ಅಷ್ಟು ಚೆನ್ನಾಗಿ ನಟಿಸಿದ್ದು ಹೇಗೆ?

ಹುಡುಗಿಯ ಹೆಸರು ನಾಯಿಮಾ ಸೆಂತಿಯೆಸ್. ಅವಳನ್ನು ಎಲ್ಲೂ ಮುದ್ದುಮುದ್ದಾಗಿ ಮಾತಾಡಿಸಿಲ್ಲ, ದೊಡ್ಡವರ ಬಾಯಿಯ ಮಾತನ್ನೂ ತುರುಕಿಲ್ಲ. ಹೆಚ್ಚಿನ ಕಡೆ ಅವಳು ನೋಡುತ್ತಾಳೆ, ಕೇಳಿಸಿಕೊಳ್ಳುತ್ತಾಳೆ. ನಮ್ಮ ಮುಂದೆ ಒಂದು ಮಗು ಯೋಚನೆ ಮಾಡುತ್ತಿದೆ ಅಂತ ನಂಬಿಕೆ ಬರುತ್ತದೆ.

ಶುರುವಿನ ಕಾರಿನ ದೃಶ್ಯ ಹೇಳಲೇಬೇಕು. ಕಾರಿನ ತುಂಬ ಬಲೂನು. ಸೇತುವೆ ದಾಟುವವರೆಗೂ ಉಸಿರು ಬಿಗಿಹಿಡಿದು ಮನಸ್ಸಿನಲ್ಲೇ ಏನಾದರೂ ಬೇಡಿಕೊಳ್ಳುವುದು ಅಮ್ಮ ಮಗಳ ಆಟ. ಸೇತುವೆ ದಾಟುತ್ತದೆ. ಏನು ಬೇಡಿಕೊಂಡೆ ಎಂದರೆ, ಅಪ್ಪ ಸಾಯಬಾರದು ಅಂತ ಎನ್ನುತ್ತಾಳೆ ಸೋಲ್. ಅಳು ಇಲ್ಲ, ದನಿಯಲ್ಲಿ ನಡುಕವೂ ಇಲ್ಲ. ತಲೆಯ ಮೇಲೆ ಕೋಡಂಗಿಯ ಬಣ್ಣದ ವಿಗ್ ಹಾಗೇ ಇದೆ. ನಾನು ಅಲ್ಲೇ ಸಿನಿಮಾ ನಿಲ್ಲಿಸಿ ಒಂದು ಲೋಟ ನೀರು ಕುಡಿದೆ.

ಅಪ್ಪನ ಪಾತ್ರ ಮಾಡಿದವರು ಲೇಖಕರಂತೆ, ಹೌದಾ?

ಹೌದು. ಮತೇಯೊ ಗಾರ್ಸಿಯಾ ಎಲಿಸೋಂದೊ, ಕಾದಂಬರಿಕಾರ. ಗೇಬ್ರಿಯೆಲ್ ಗಾರ್ಸಿಯಾ ಮಾರ್ಕೆಸ್ ಅವರ ಮೊಮ್ಮಗ. ಇನ್ನೊಂದು ಕಡೆಯಿಂದ ಮೆಕ್ಸಿಕೋದ ಹೆಸರಾಂತ ಲೇಖಕ ಸಾಲ್ವಾದೋರ್ ಎಲಿಸೋಂದೊ ಅವರಿಗೂ ಮೊಮ್ಮಗನೇ. ಸಿನಿಮಾದಲ್ಲಿ ಅವರಿಗೆ ಸಿಗುವ ಹೊತ್ತು ಕಡಿಮೆ, ಆದರೆ ಇಡೀ ಮನೆ ಅವರ ಸುತ್ತ ತಿರುಗುತ್ತದೆ.

ಬಸವನಹುಳ, ಗಿಳಿ, ಮೀನು, ಇಷ್ಟೊಂದು ಪ್ರಾಣಿಗಳು ಯಾಕೆ?

ಹೆಸರಿನಿಂದಲೇ ಶುರುಮಾಡೋಣ. ತೋತೆಮ್ ಅಂದರೆ ಕುಲದ ಗುರುತಾಗಿ ಕಾಯುವ ಪ್ರಾಣಿ ಅಥವಾ ಗಿಡಮರ. ಸೋಲ್ ಎಂದರೆ ಸ್ಪ್ಯಾನಿಷ್‌ನಲ್ಲಿ ಸೂರ್ಯ, ನಮ್ಮ ಸೋಲು ಅಲ್ಲ. ಅಪ್ಪನ ಹೆಸರು ತೋನಾ ಕೂಡ ನಾವಾತ್ಲ್ ಭಾಷೆಯ ತೋನಾತಿಯು ಎಂಬ ಸೂರ್ಯದೇವನನ್ನು ನೆನಪಿಸುತ್ತದೆ. ಮುಳುಗುತ್ತಿರುವ ಸೂರ್ಯ ಒಬ್ಬ, ಮೇಲೇರುತ್ತಿರುವವಳು ಇನ್ನೊಬ್ಬಳು.

ಪ್ರಾಣಿಗಳನ್ನು ಅರ್ಥ ಹುಡುಕಿಕೊಂಡು ನೋಡಬೇಡಿ. ದೊಡ್ಡವರು ಮಾತಾಡುವಾಗ ಮಕ್ಕಳನ್ನು ಹೊರಗೆ ಕಳಿಸುತ್ತಾರಲ್ಲ, ಆಗ ಮಕ್ಕಳು ಏನು ಮಾಡುತ್ತಾರೆ? ಇರುವೆ ನೋಡುತ್ತಾರೆ, ಕಂಬಳಿಹುಳ ಹಿಡಿಯುತ್ತಾರೆ. ಸೋಲ್ ಬಸವನಹುಳಗಳನ್ನು ತಂದು ಗೋಡೆಯ ಚಿತ್ರದ ಮೇಲೆ ಬಿಡುತ್ತಾಳೆ. ಫೋನ್ ಹಿಡಿದು, ಜಗತ್ತು ಯಾವಾಗ ಮುಗಿಯುತ್ತದೆ ಎಂದು ಅದನ್ನೇ ಕೇಳುತ್ತಾಳೆ. ಮನೆಯಲ್ಲಿ ಒಂದು ಜೀವ ಹೋಗುತ್ತಿರುವಾಗ ಸುತ್ತಲೂ ಇಷ್ಟೊಂದು ಜೀವಗಳು ಸದ್ದಿಲ್ಲದೆ ತೆವಳುತ್ತಿವೆ, ಹಾರುತ್ತಿವೆ. ಅಪ್ಪ ಮಗಳಿಗೆ ಕೊಡಲು ಬಿಡಿಸಿದ ಚಿತ್ರದಲ್ಲೂ ಪ್ರಾಣಿಗಳೇ. ಅದು ಅವರಿಬ್ಬರ ಭಾಷೆ.

ಇದು ನಿರ್ದೇಶಕಿಯ ಸ್ವಂತ ಬದುಕಿನ ಕಥೆಯಾ?

ಬದುಕಿನಿಂದ ಬಂದದ್ದು, ಆದರೆ ಬದುಕಿನ ನಕಲಲ್ಲ. ಅವರ ಮಗಳು ಚಿಕ್ಕವಳಿದ್ದಾಗಲೇ ಮಗಳ ತಂದೆ ತೀರಿಕೊಂಡರು. ಸಿನಿಮಾ ಮಗಳಿಗೇ ಅರ್ಪಣೆ. ಇದನ್ನು ತಿಳಿದುಕೊಂಡು ನೋಡಿದರೆ ಒಂದು ವಿಷಯ ಮನಸ್ಸಿಗೆ ತಟ್ಟುತ್ತದೆ. ತಾಯಿಯ ಪಾತ್ರಕ್ಕೆ ಇಲ್ಲಿ ಹೆಚ್ಚು ಜಾಗವಿಲ್ಲ. ತನ್ನ ದುಃಖ ಹೇಳಿಕೊಳ್ಳುವ ಅವಕಾಶವಿದ್ದರೂ ಅವಿಲೇಸ್ ಅದನ್ನು ಬಿಟ್ಟು ಮಗುವಿನ ಪಕ್ಕದಲ್ಲಿ ಕೂತರು.

ಬಡವರು, ಶ್ರೀಮಂತರು ಎಂಬ ಮಾತು ಈ ಸಿನಿಮಾಗಳಲ್ಲಿ ಇದೆಯಾ?

ಇದೆ. ಭಾಷಣ ಇಲ್ಲ, ಅಷ್ಟೆ. ಹೋಟೆಲಿನಲ್ಲಿ ಒಬ್ಬ ಗಿರಾಕಿಗೆ ಸೋಪು, ಶಾಂಪೂ ಎಷ್ಟು ತಂದುಕೊಟ್ಟರೂ ಸಾಲುವುದಿಲ್ಲ. ಅರ್ಜೆಂಟೀನಾದ ಗಿರಾಕಿಯೊಬ್ಬಳು ತಾನು ಸ್ನಾನ ಮಾಡುವವರೆಗೆ ತನ್ನ ಕೂಸನ್ನು ನೋಡಿಕೋ ಎನ್ನುತ್ತಾಳೆ. ಪ್ರೀತಿಯಿಂದಲೇ ಮಾತಾಡುತ್ತಾಳೆ, ಕೆಟ್ಟವಳಲ್ಲ. ಬೇರೆಯವರ ಮಗುವನ್ನು ಎತ್ತಿಕೊಂಡು ಆಡಿಸುವ ಈವ್‌ಳ ಮಗ ಎಲ್ಲಿದ್ದಾನೆ? ಆ ಪ್ರಶ್ನೆಯನ್ನು ಸಿನಿಮಾ ಕೇಳುವುದಿಲ್ಲ, ನಾವೇ ಕೇಳಿಕೊಳ್ಳುತ್ತೇವೆ. ಈವ್ ಪಾತ್ರ ಮಾಡಿದ ಗಾಬ್ರಿಯೆಲಾ ಕಾರ್ತೋಲ್ ಇಲ್ಲಿ ಮುಖದಲ್ಲಿ ಏನನ್ನೂ ತೋರಿಸದೆ ಎಲ್ಲವನ್ನೂ ತೋರಿಸುತ್ತಾರೆ.

'ತೋತೆಮ್'ನ ಕ್ರೂಸ್‌ಳನ್ನೂ ಹೀಗೇ ನೋಡಬೇಕು. ತೋನಾನ ಬಟ್ಟೆ ಬದಲಿಸುವವಳು, ಬಾತ್‌ರೂಮಿಗೆ ಆಸರೆ ಕೊಟ್ಟು ಕರೆದೊಯ್ಯುವವಳು, ಅವನ ಜೊತೆ ಸಲುಗೆಯಿಂದ ಮಾತಾಡುವವಳು ಅವಳೇ. ಮನೆಯವರಿಗಿಂತ ಹತ್ತಿರದವಳು. ಅವಳಿಗೆ ಸಂಬಳ ಬಾಕಿಯಿದೆ! ಆ ಮಾತು ಹೀಗೆ ಬಂದು ಹಾಗೆ ಹೋಗುತ್ತದೆ. ಈ ಪಾತ್ರ ಮಾಡಿದವರು ತೆರೇಸಾ ಸಾಂಚೆಸ್. ಮೊದಲ ಸಿನಿಮಾದಲ್ಲಿ ಈವ್‌ಳ ಗೆಳತಿ ಮಿನಿತೋಯ್ ಆಗಿದ್ದವರೂ ಇವರೇ. ಒಬ್ಬರೇ ನಟಿ ಅಂತ ನನಗೆ ತಕ್ಷಣ ಹೊಳೆಯಲಿಲ್ಲ.

ಕ್ವಾರೋನ್, ಇನ್ಯಾರಿತು, ದೆಲ್ ತೋರೊ ಅವರ ಸಾಲಿಗೆ ಸೇರಿಸಬಹುದಾ?

ಆ ಮೂವರು ಮೆಕ್ಸಿಕನ್ ನಿರ್ದೇಶಕರು ಹಾಲಿವುಡ್‌ನಲ್ಲೂ ದೊಡ್ಡ ಸಿನಿಮಾ ಮಾಡಿ ಗೆದ್ದವರು. 2014ರಿಂದ 2019ರ ನಡುವೆ ನಿರ್ದೇಶನದ ಆಸ್ಕರ್ ಐದು ಸಲ ಅವರ ಕೈಗೇ ಹೋಯಿತು. ಅವಿಲೇಸ್ ಇರುವುದು ಬೇರೆ ಗುಂಪಿನಲ್ಲಿ. ತತಿಯಾನಾ ವೇಸೊ, ಫೆರ್ನಾಂದಾ ವಲದೇಸ್, ಆಸ್ತ್ರಿದ್ ರೊಂದೇರೊ ಅವರಂಥ ಮಹಿಳೆಯರು ಈಚಿನ ವರ್ಷಗಳಲ್ಲಿ ಮೆಕ್ಸಿಕೋ ಸಿನಿಮಾದ ದನಿಯನ್ನೇ ಬದಲಾಯಿಸಿದ್ದಾರೆ. ಅವರಲ್ಲಿ ಹಲವರು ಕಾಣೆಯಾದವರ, ಹಿಂಸೆಯ ನೆರಳಿನಲ್ಲಿ ಬದುಕುವವರ ಕಥೆ ಹೇಳುತ್ತಾರೆ. ಮೆಕ್ಸಿಕೋ ಅಂದರೆ ಬಂದೂಕು, ಮಾದಕವಸ್ತು ಎಂದುಕೊಂಡವರು ಅವಿಲೇಸ್ ಸಿನಿಮಾ ನೋಡಿದರೆ ಅಲ್ಲಿ ಕೇಕು, ಟವೆಲ್, ಹೇರ್‌ಡೈ ಕಾಣುತ್ತವೆ. ಆ ದೇಶದಲ್ಲಿ ಜನ ಹೀಗೂ ಬದುಕುತ್ತಿದ್ದಾರೆ ಎಂದು ಕಾಣಿಸುವುದು ನನಗೆ ದೊಡ್ಡ ಕೆಲಸ ಅನ್ನಿಸುತ್ತದೆ.

ಪ್ರಶಸ್ತಿ?

'ಲಾ ಕಮರಿಸ್ತಾ' 2018ರಲ್ಲಿ ಟೊರೊಂಟೊ ಚಿತ್ರೋತ್ಸವದಲ್ಲಿ ತೆರೆಕಂಡಿತು. ಅದೇ ವರ್ಷ ಮೆಕ್ಸಿಕೋದ ಮೊರೇಲಿಯಾ ಉತ್ಸವದಲ್ಲಿ ಪ್ರಶಸ್ತಿ ಪಡೆಯಿತು, 2019ರಲ್ಲಿ ಆ ದೇಶದ ಸಿನಿಮಾ ಪ್ರಶಸ್ತಿಯಾದ ಅರಿಯೆಲ್‌ನಲ್ಲಿ ಚೊಚ್ಚಲ ಚಿತ್ರ ವಿಭಾಗದಲ್ಲಿ ಗೆದ್ದಿತು. 'ತೋತೆಮ್' 2023ರ ಬರ್ಲಿನ್ ಉತ್ಸವದ ಸ್ಪರ್ಧೆಯಲ್ಲಿತ್ತು, ಅಲ್ಲಿ ಕ್ರೈಸ್ತ ಸಂಘಟನೆಗಳು ನೇಮಿಸುವ ಎಕ್ಯುಮೆನಿಕಲ್ ಜ್ಯೂರಿಯ ಪ್ರಶಸ್ತಿ ಪಡೆಯಿತು. ಎರಡನ್ನೂ ಮೆಕ್ಸಿಕೋ ಆಸ್ಕರ್‌ಗೆ ಕಳಿಸಿತ್ತು. 'ತೋತೆಮ್' ಕೊನೆಯ 15ರ ಪಟ್ಟಿಯವರೆಗೂ ಹೋಯಿತು.

ಮಕ್ಕಳ ಜೊತೆ ಕೂತು ನೋಡಬಹುದಾ?

'ಲಾ ಕಮರಿಸ್ತಾ' ಬೇಡ. ಈವ್‌ಳ ಒಂಟಿತನ, ದೇಹದ ಆಸೆ ಎರಡನ್ನೂ ಮುಚ್ಚುಮರೆಯಿಲ್ಲದೆ ತೋರಿಸಿದ್ದಾರೆ. 'ತೋತೆಮ್' ನೋಡಬಹುದು, ಆದರೆ ಮೊದಲು ನೀವೊಬ್ಬರೇ ನೋಡಿ. ಮನೆಯಲ್ಲಿ ಇತ್ತೀಚೆಗೆ ಯಾರಾದರೂ ಹೋಗಿದ್ದರೆ ಸ್ವಲ್ಪ ದಿನ ತಡೆದು ನೋಡಿ.

ಯಾವುದನ್ನು ಮೊದಲು ನೋಡಲಿ?

'ತೋತೆಮ್'. 95 ನಿಮಿಷ, ಮನೆ ತುಂಬ ಜನ, ಬೇಗ ಒಳಗೆ ಕರೆದುಕೊಳ್ಳುತ್ತದೆ. 'ಲಾ ಕಮರಿಸ್ತಾ' ನಿಧಾನ. ಫೋನ್ ಪಕ್ಕಕ್ಕಿಟ್ಟು ಒಂದೇ ಕೂರಿಕೆಯಲ್ಲಿ ನೋಡಬೇಕು. ನಡುವೆ ಎದ್ದರೆ ಈವ್‌ಳ ದಿನದ ಲಯ ತಪ್ಪಿಹೋಗುತ್ತದೆ.

'ತೋತೆಮ್' ಎರಡನೇ ಸಲ ನೋಡುವಾಗ ಏನು ಗಮನಿಸಲಿ?

ಸಬ್‌ಟೈಟಲ್ ಬಿಟ್ಟು ಅಜ್ಜನನ್ನು ನೋಡಿ. ಮೊದಲ ಸಲ ಅವರು ಸಿಡುಕಿನ ಮುದುಕನ ಹಾಗೆ ಕಾಣುತ್ತಾರೆ. ಹೆಣ್ಣುಮಕ್ಕಳ ಮೇಲೆ ರೇಗುತ್ತಾರೆ, ಬಾತ್‌ರೂಮ್ ಬಾಗಿಲು ಬಡಿಯುತ್ತಾರೆ, ಗದ್ದಲ ಅಂತ ತಮ್ಮ ಕೋಣೆ ಸೇರುತ್ತಾರೆ. ಅವರ ಮೇಜಿನ ಮೇಲೆ ಒಂದು ಬೊನ್ಸಾಯ್ ಗಿಡವಿದೆ. ದಿನವಿಡೀ, ಮನೆಯಲ್ಲಿ ಏನೇ ನಡೆಯುತ್ತಿದ್ದರೂ, ಪುಟ್ಟ ಕತ್ತರಿ ಹಿಡಿದು ಅದರ ಒಂದೊಂದೇ ಎಲೆ ಸವರುತ್ತಿರುತ್ತಾರೆ. ಅದು ಮಗನ ಹುಟ್ಟುಹಬ್ಬಕ್ಕೆ ಕೊಡುವ ಗಿಡ.